ಕಾಕಾ ಅಂಗಿ ತೊಟ್ಟದ್ದು

ಬರಿಮೈಯಲ್ಲಿ ಕೂತೇ ಇಳಕಲ್ಲನ್ನು ಕಾಯುತ್ತಿದ್ದೇನೆಂದು ನಂಬಿದ್ದ ಮನುಷ್ಯ ಒಬ್ಬನೇ ಒಬ್ಬ. ದುರ್ದೈವಕ್ಕೆ ಅವನು ನನ್ನ ಕಾಕಾ! ಹರೆಯದಲ್ಲಿ ಗರಡಿಮನೆಗೆ ಹೋಗಿದ್ದನಂತೆ. ಎಷ್ಟು ಕುಸ್ತಿ ಗೆದ್ದೆ ಎಂದು ಕೇಳಿದರೆ ಮಾತು ಬದಲಿಸುತ್ತಿದ್ದ. ಬೆಳಗಾದರೆ ಎದೆಗೆ ಎಣ್ಣೆ ಹಚ್ಚಿಕೊಂಡು ಕಟ್ಟೆಯ ಮೇಲೆ ಕೂತು ಹೋಗಿಬರುವವರಿಗೆಲ್ಲ ಅದರ ದರ್ಶನ ಕೊಡುತ್ತಿದ್ದ. ತನ್ನ ಸೀರೆ ಅಂಗಡಿಯ ಗಾದಿಯ ಮೇಲೂ ಅದೇ ವೇಷ. ಪಾಪ, ಗಿರಾಕಿ ಹೆಂಗಸರು ಸೆರಗು ನೋಡಬೇಕೋ, ಇವನ ಎದೆ ನೋಡಬೇಕೋ?

ಎಪ್ಪತ್ತರ ದಶಕದ ಕೊನೆಗೆ ಅಲ್ಲಿನ ಶಾಲೆಯಲ್ಲಿ ನನಗೆ ಅಕ್ಕೋರ ಕೆಲಸ ಸಿಕ್ಕಿತು. ಕಾಕಾನ ಮನೆಯಲ್ಲೇ ಉಳಿದೆ. ಹೀಗಾಗಿ ದರ್ಶನ ನನಗೆ ದಿನವೂ ಪುಕ್ಕಟೆ! ಊಟದ ಹೊತ್ತಿಗೆ ಉಪದೇಶ ಬೇರೆ.

“ಉಪ್ಪು ತಿಂದವನಿಗೇ ತಾಕತ್ತು!” ಎನ್ನುತ್ತ ರೊಟ್ಟಿಯ ಮೇಲೆ ಉಪ್ಪಿನಕಾಯಿ ಸುರಿದುಕೊಳ್ಳುತ್ತಿದ್ದ. ಅವನ ಹೆಂಡತಿ, ನನ್ನ ಚಿಗವ್ವ, ತುಟಿ ಬಿಚ್ಚದೆ ಬಡಿಸುತ್ತಿದ್ದಳು.

ಕೊನೆಗೆ ಕಾಲು ಬಾತವು. ನಮ್ಮ ಪೈಲ್ವಾನರು ಹೆದರಿದರೇ? ಛೆ! “ನೋಡು, ಈ ವಯಸ್ಸಿನ್ಯಾಗೂ ಮೀನಖಂಡ ಹೆಂಗ ತುಂಬ್ಯಾವ!” ಎಂದು ಧೋತರ ಎತ್ತಿ ತೋರಿಸಿದರು. ಆ ತುಂಬಿದ ಕಾಲಿನಲ್ಲಿ ಕಟ್ಟೆ ಏರುವಷ್ಟರಲ್ಲಿ ಏದುಸಿರು. ಮಲಗಿದರೆ ಉಸಿರೇ ಹತ್ತದು. ಆಗ ಬಾಗಲಕೋಟೆಯ ಡಾಕ್ಟರರ ಹತ್ತಿರ ಎಳೆದುಕೊಂಡು ಹೋದೆವು.

“ಬಿಪಿ ಏರಿ ಏರಿ ಹೃದಯ ದಣದೈತ್ರಿ,” ಎಂದರು ಡಾಕ್ಟರು. “ಕಿಡ್ನಿ ಮ್ಯಾಲ ಟೊಪ್ಪಿಗಿ ಹಂಗ ಒಂದು ಗ್ರಂಥಿ ಇರತೈತಿ. ಉಪ್ಪು, ನೀರು ಹೊರಗ ಬಿಡಬ್ಯಾಡ ಅಂತ ಅದರ ರಸ ಕಿಡ್ನಿಗೆ ಹುಕುಂ ಮಾಡತೈತಿ. ದಣದ ಹೃದಯಕ್ಕ ಆ ನೀರು ಇನ್ನೂ ಭಾರ. ಈ ಗುಳಿಗಿ ಹುಕುಂ ಮುಟ್ಟದಂಗ ಅಡ್ಡ ನಿಂದರತೈತಿ.”

“ಅಂದ್ರ ಗುಳಿಗೀನೂ ಪೈಲ್ವಾನ ಅನ್ರಿ!” ಎಂದ ಕಾಕಾ.

ಡಾಕ್ಟರು ನಗಲಿಲ್ಲ. ಉಪ್ಪು ಬಂದ್ ಮಾಡಿಸಿದರು. ಈ ಗುಳಿಗೆ ಪೊಟ್ಯಾಸಿಯಮ್ಮನ್ನು ಮೈಯಲ್ಲೇ ಉಳಿಸುತ್ತದೆ, ಅದು ಅತಿಯಾದರೆ ಹೃದಯಕ್ಕೇ ಅಪಾಯ ಎಂದು ಎಳನೀರು, ಬಾಳೆಹಣ್ಣನ್ನೂ ಬಿಡಿಸಿದರು. ರೋಗಿಯನ್ನು ನೋಡಲು ಬಂದವರೆಲ್ಲ ತಂದದ್ದು ಬಾಳೆಹಣ್ಣೇ! ತಿಂದು ತಿಂದು ನನಗೆ ಸಾಕಾಯಿತು.

ಕೆಲವೇ ವಾರಗಳಲ್ಲಿ ಬಾವು ಇಳಿಯಿತು, ಉಸಿರು ಹಗುರಾಯಿತು. ಅದರ ಕೀರ್ತಿ ಗುಳಿಗೆಗೆ ಹೋಯಿತೇ? ಇಲ್ಲ, ಗರಡಿಮನೆಗೆ ಹೋಯಿತು! “ಹಳೇ ಮೈ ಇದು, ಸುಮ್ನ ಅಲ್ಲ,” ಎಂದು ಕಟ್ಟೆಯ ಮೇಲೆ ಭಾಷಣ ಶುರುವಾಯಿತು.

ಆಮೇಲೊಂದು ದಿನ ಕಾಕಾ ಅಂಗಿ ತೊಟ್ಟು ಹೊರಗೆ ಬಂದ! ಅದೂ ಸುಡುಸುಡು ಬೇಸಿಗೆಯಲ್ಲಿ, ಕುತ್ತಿಗೆಯವರೆಗೆ ಗುಂಡಿ ಹಾಕಿಕೊಂಡು, ಮೇಲೊಂದು ಶಾಲು ಹೊದ್ದು. ಓಣಿಗೆ ಓಣಿಯೇ ಬಾಗಿಲಿಗೆ ಬಂದು ನಿಂತಿತು.

“ಏನ್ರಿ, ಚಳಿ ಹತ್ತೈತೇನ್ರಿ?” ಎಂದ ಎದುರುಮನೆಯವ.

“ಬಿಸಲಿಗೆ ಶಾಲು ಭಾಳ ತಂಪು,” ಎಂದ ಕಾಕಾ, ಬೆವರು ಒರೆಸಿಕೊಳ್ಳುತ್ತ.

ಅಂತೂ ಮುದುಕನಿಗೆ ಮರ್ಯಾದೆ ಬಂತು ಎಂದುಕೊಂಡೆ. ಮರ್ಯಾದೆಯ ಬೆನ್ನಿಗೆ ಬಾವೂ ತಿರುಗಿ ಬಂತು. ಅಂಗಿ ಒಗೆಯಲು ಹೋದ ಚಿಗವ್ವನಿಗೆ ನುಂಗದೆ ಬಚ್ಚಿಟ್ಟ ಗುಳಿಗೆಗಳು ಸಿಕ್ಕವು. ಅಂಗಿಯ ಜೊತೆಗೆ ಕಿಸೆಯೂ ಬಂದಿತ್ತಲ್ಲ!

ಮತ್ತೆ ಬಾಗಲಕೋಟೆ. ಅಂಗಿ ತೆಗೆಯಿರಿ ಎಂದರೆ ಕಾಕಾ ಹೊಸ ಮದುಮಗಳ ಹಾಗೆ ಶಾಲು ಎಳೆದುಕೊಂಡ. ಪರದೆಯ ಆಚೆ ನಾನು ಕಿವಿ ನೆಟ್ಟು ಕೂತೆ. ಬಹಳ ಹೊತ್ತಿಗೆ ಡಾಕ್ಟರರ ದನಿ ಕೇಳಿತು: “ನಾಚ್ಕೋಬ್ಯಾಡ್ರಿ. ಈ ಗುಳಿಗಿ ಗಂಡಸುತನದ ರಸಕ್ಕೂ ಸ್ವಲ್ಪ ಅಡ್ಡ ಬರತೈತಿ. ಕೆಲವು ಗಂಡಸರಿಗೆ ಎದಿ ಹಿಂಗ ಹೆಂಗಸರ ಹಂಗ ಬಾಯತೈತಿ, ನೋಯತೈತಿ. ಅರ್ಧ ಗುಳಿಗಿ ಮಾಡೂನು. ಬಿಟ್ರ ಮಾತ್ರ ಜೀವಕ್ಕ ಮುಳುವು.”

ಇಳಕಲ್ಲಿನ ಆ ಪ್ರಸಿದ್ಧ ಎದೆ! ನಗು ತಡೆಯಲು ಸೆರಗು ಬಾಯಿಗೆ ತುರುಕಿಕೊಂಡೆ.

ಮನೆಗೆ ಬಂದು ಆ ಅರ್ಧವನ್ನೂ ಒಲ್ಲೆನೆಂದ. “ಹೆಂಗಸಾಗಿ ಬದುಕೂದಕ್ಕಿಂತ ಗಂಡಸಾಗಿ ಸಾಯೂದು ಛಲೋ!” ಹೀಗೆ ಸಾರಿದ ಗಂಡಸಿಗೆ ಆಗ ನೀರಿನ ತಂಬಿಗೆ ಎತ್ತಲೂ ಬಲವಿರಲಿಲ್ಲ. ಹೆಂಗಸೊಬ್ಬಳೇ ಅದನ್ನು ಹಿಡಿದು ಎದುರಿಗೆ ಕೂತಿದ್ದಳು.

“ನಿನಗೇನು ಗೊತ್ತು? ಅಂಗಿ ತಾಗಿದ್ರೂ ಉರಿತೈತಿ,” ಎಂದ ಕಾಕಾ.

“ಗೊತ್ತೈತಿ,” ಎಂದಳು ಚಿಗವ್ವ. “ಕೂಸು ಹೋದಾಗ ನನಗೂ ಹಿಂಗ ಉರಿತಿತ್ತು.”

ಅವರಿಗೆ ಒಂದೇ ಒಂದು ಹೆಣ್ಣುಕೂಸು ಹುಟ್ಟಿ, ಮೂರು ತಿಂಗಳಿಗೆ ತೀರಿಕೊಂಡಿತ್ತು. ನಾನು ಹುಟ್ಟುವ ಮೊದಲಿನ ಮಾತು. ಆ ಮನೆಯಲ್ಲಿ ಅದರ ಸುದ್ದಿ ಯಾರೂ ಎತ್ತುತ್ತಿರಲಿಲ್ಲ.

“ಕೂಸು ಹೋತು, ಹಾಲು ನಿಲ್ಲಲಿಲ್ಲ. ಎದಿ ಕಲ್ಲಾಗಿತ್ತು. ಕುಡಿಯಾಕ ಯಾರೂ ಇರಲಿಲ್ಲ. ನೀವು ಸೀರಿ ಗಂಟು ಕಟಗೊಂಡು ಮಾರಾಕ ಬದಾಮಿಗೆ ಹೋದ್ರಿ. ಬಂದ ಮ್ಯಾಲ ನಾನೂ ಹೇಳಲಿಲ್ಲ, ನೀವೂ ಕೇಳಲಿಲ್ಲ.”

ಅವಳ ದನಿಯಲ್ಲಿ ಸಿಟ್ಟಿರಲಿಲ್ಲ. ತನ್ನ ಹಳೆಯ ಹತ್ತಿ ಸೀರೆಯೊಂದನ್ನು ಹರಿದು, ಆ ಮೆತ್ತಗಿನ ತುಂಡನ್ನು ಅವನ ಅಂಗಿಯೊಳಗೆ ಮೆಲ್ಲಗೆ ಇಟ್ಟಳು. ಕಾಕಾ ತಡೆಯಲಿಲ್ಲ. ತಾನೇ ಕೈ ಚಾಚಿ ಗುಳಿಗೆ ಇಸಿದುಕೊಂಡು ನುಂಗಿದ.

“ಕೂಸಿನ ಮುಖ ನೆನಪೈತೇನ ನಿನಗ?” ಎಂದು ಕೇಳಿದ.

ಚಿಗವ್ವ ಅವನನ್ನೇ ನೋಡಿದಳು. “ಥೇಟ್ ನಿಮ್ಮ ಮೂಗು,” ಎಂದಳು. ಇಬ್ಬರೂ ಅತ್ತರು. ಬಾಗಿಲಲ್ಲಿ ನಿಂತಿದ್ದ ನನಗೂ ಅಳು ತಡೆಯಲಾಗಲಿಲ್ಲ.