ಐಸು ತರುವವಳ ಗೆಣಸಿನ ಪೈ

"ಈ ಭಾನುವಾರ ಚರ್ಚಿನ ಊಟಕ್ಕೆ ಗೆಣಸಿನ ಪೈ ನಾನೇ ಮಾಡೋದು! ಜನ ತಟ್ಟೆ ನೆಕ್ಕದೇ ಹೋದ್ರೆ ನನ್ನ ಹೆಸರು ಓಜೆಲ್ಲಾ ಅಲ್ಲ!"

ಅಲಬಾಮಾದ ಆ ಪುಟ್ಟ ಅಡುಗೆಮನೆಯಲ್ಲಿ ಓಜೆಲ್ಲಾ ಪೆಟ್‌ವೇ ಹೀಗೆ ಘೋಷಿಸಿದಾಗ ಗಂಡ ಕ್ಲೀವ್‌ಲ್ಯಾಂಡ್ ಪೇಪರಿನಿಂದ ತಲೆ ಎತ್ತಲಿಲ್ಲ.

"ಹಾಗಾದ್ರೆ ಐಸು ಯಾರು ತರ್ತಾರೆ?"

ಮಾತು ಚುರುಕ್ಕೆಂದಿತು. ಹಿಂದೊಮ್ಮೆ ಇದೇ ಊಟಕ್ಕೆ ಓಜೆಲ್ಲಾ ಖಾರದ ಆಲೂಗಡ್ಡೆ ಸಲಾಡಿಗೆ ಒಣದ್ರಾಕ್ಷಿ ಹಾಕಿ ಎಲ್ಲರ ಬಾಯಿ ಕೆಡಿಸಿಬಿಟ್ಟಿದ್ದಳು. ಮನೆಗೊಂದು ಅಡುಗೆ ತರುವ ಆ ಚರ್ಚಿನಲ್ಲಿ "ಇದು ಯಾರ ಕೈಯದು?" ಎಂದು ಕೇಳದೆ ಯಾರೂ ಬಡಿಸಿಕೊಳ್ಳುವುದಿಲ್ಲ. ಅಂದಿನಿಂದ ಅವಳ ಹೆಸರು ಕೇಳಿದರೆ ಸೌಟು ತಾನಾಗಿಯೇ ಪಾತ್ರೆಗೆ ವಾಪಸು! ಊಟದ ಉಸ್ತುವಾರಿಯ ಸಿಸ್ಟರ್ ಅರ್ಲೀನ್ (ಆ ಚರ್ಚಿನಲ್ಲಿ ಹೆಂಗಸರೆಲ್ಲ ಸಿಸ್ಟರ್, ಗಂಡಸರೆಲ್ಲ ಬ್ರದರ್!) ಅವಳಿಗೆ ಐಸು ತರುವ ಕೆಲಸ ವಹಿಸಿದ್ದಳು. ಐಸು ಕೆಡಿಸಲು ಯಾರಿಂದಲೂ ಆಗದಲ್ಲ! ಈಗ ಪ್ರತಿಸಲ ಪೈ ಮಾಡುವ ಅರ್ಲೀನಳ ಮಣಿಕಟ್ಟೇ ಮುರಿದಿತ್ತು. "ಒಂದೇ ಸಲ, ಓಜೆಲ್ಲಾ. ದ್ರಾಕ್ಷಿ ಮುಟ್ಟಿದೆಯೋ, ಜೋಕೆ!" ಎಂದು ಒಪ್ಪಿದ್ದಳು.

ಶನಿವಾರ ಮಹಾಯಜ್ಞ! ಗೆಣಸನ್ನು ಸಿಪ್ಪೆಸಮೇತ ಸುಟ್ಟು, ಸುಲಿದು, ಕಡೆದಳು. ಕಡೆಗೋಲಿಗೆ ಸುತ್ತಿಕೊಂಡ ನಾರನ್ನು ತೊಳೆದು, ಒಂದೆಳೆಯೂ ಸಿಗದಷ್ಟು ಮತ್ತೆ ಕಡೆದಳು. ಮೊಟ್ಟೆ, ಹಾಲು, ಸಕ್ಕರೆ, ಜಾಯಿಕಾಯಿ. ಕೊನೆಗೆ ಫ್ರಿಜ್ಜಿನಿಂದ ಬೆಣ್ಣೆ ಡಬ್ಬಿ. ಖಾಲಿ ಡಬ್ಬಿ ಎಸೆಯುವುದು ಆ ಮನೆಯಲ್ಲಿ ಮಹಾಪಾಪ. ಹಾಗಾಗಿ ಒಂದು ಬೆಣ್ಣೆ ಡಬ್ಬಿಯಲ್ಲಿ ಹುರುಳಿಕಾಯಿ, ಇನ್ನೊಂದರಲ್ಲಿ ಸೊಪ್ಪು, ಮತ್ತೊಂದರಲ್ಲಿ ನಿನ್ನೆಯ ಸಾರು. ಒಳಗೆ ಬೆಣ್ಣೆಯಂತೆ ಗಟ್ಟಿಯಾಗಿದ್ದ ಡಬ್ಬಿಯನ್ನು ತೆಗೆದು ಪೂರಾ ಬಳಿದು ಹಾಕಿದಳು. ಕನ್ನಡಕ ಹಣೆಯ ಮೇಲಿತ್ತು. ಮೂಗು ನೆಗಡಿಯಿಂದ ಕಟ್ಟಿತ್ತು. ರುಚಿ ನೋಡಿದಾಗ ಸಿಹಿಯೊಂದೇ ಗೊತ್ತಾಯಿತು. ಅಷ್ಟು ಸಾಕೆಂದು, ತಟ್ಟೆಗೆ ಹಾಸಿದ ಹಿಟ್ಟಿನ ಹಾಳೆಯೊಳಗೆ ತುಂಬಿ ಓವನ್ನಿಗಿಟ್ಟಳು.

ಭಾನುವಾರ ಬೆಳಿಗ್ಗೆ ಕ್ಲೀವ್‌ಲ್ಯಾಂಡ್ ಮೊಟ್ಟೆ ಹುರಿಯಲು ನಿಂತ.

"ಓಜೆಲ್ಲಾ, ಹೊಗೆಯಲ್ಲಿ ಒಣಗಿಸಿದ ಮಾಂಸ ಹುರಿದಾಗ ಇಳಿಸಿಟ್ಟಿದ್ದ ನನ್ನ ಹಂದಿಕೊಬ್ಬು ಎಲ್ಲೇ?"

"ಒಲೆ ಪಕ್ಕ ತಗಡಿನ ಡಬ್ಬೀಲಿ ಇರುತ್ತಲ್ರೀ!"

"ಅದು ಸೋರ್ತಿತ್ತು ಕಣೇ. ಬೆಣ್ಣೆ ಡಬ್ಬಿಗೆ ಬಗ್ಗಿಸಿ ಫ್ರಿಜ್ಜಲ್ಲಿಟ್ಟಿದ್ದೆ."

ಓಜೆಲ್ಲಾ ಮೆಲ್ಲಗೆ ಪೈ ಕಡೆ ತಿರುಗಿದಳು. ಕ್ಲೀವ್‌ಲ್ಯಾಂಡನೂ ತಿರುಗಿದ.

"ಅಯ್ಯೋ ದೇವರೇ! ಒಣದ್ರಾಕ್ಷಿನೇ ಎಷ್ಟೋ ವಾಸಿಯಾಗಿತ್ತು!" ಎಂದ.

ಇನ್ನೊಂದು ಪೈ ಮಾಡಲು ಹೊತ್ತೆಲ್ಲಿದೆ? ಪೈ ಚರ್ಚಿಗೆ ಹೊರಟಿತು. ಐಸಿನ ಪೆಟ್ಟಿಗೆ ಹೊತ್ತು ಕ್ಲೀವ್‌ಲ್ಯಾಂಡ್ ಹಿಂದೆ ನಡೆದ.

"ಯಾರ ಕೈಯದು?" ಎಂದು ಕೇಳಿದ ಜನ ಉತ್ತರ ಕೇಳಿ ಒಂದು ಹೆಜ್ಜೆ ಹಿಂದೆ ಸರಿದರು. ಕೊನೆಗೆ ಅರ್ಲೀನಳೇ ಕಟ್ಟು ಹಾಕಿದ ಕೈಯನ್ನು ಎದೆಗೊತ್ತಿಕೊಂಡು ಬಂದು ಒಂದು ಚೂರು ಬಾಯಿಗಿಟ್ಟಳು. ಅಗಿದಳು. ಕಣ್ಣು ಮುಚ್ಚಿದಳು. ಇನ್ನೊಂದು ಚೂರು!

"ಏನು ಹಾಕಿದ್ದೀಯೇ ಇದಕ್ಕೆ?"

"ಯಾ... ಯಾಕೆ ಸಿಸ್ಟರ್?"

"ಇದು ನಮ್ಮಮ್ಮನ ಪೈ ಕಣೇ! ಒಂಚೂರು ಹೊಗೆ ಪರಿಮಳ, ಒಂಚೂರು ಉಪ್ಪು... ಏನು ಹಾಕ್ತಿದ್ಲು ಅಂತ ಹೇಳದೇ ತೀರಿಹೋದ್ಲು. ನಾನೂ ಏನೇನೋ ಹಾಕಿ ನೋಡ್ದೆ, ಬರ್ಲೇ ಇಲ್ಲ. ಹೇಳೇ!"

ಇಷ್ಟು ಕೇಳಿದ್ದೇ ತಡ, ಜನ ಮುಗಿಬಿದ್ದರು. ಪಾದ್ರಿಗಳೇ ತಟ್ಟೆ ನೆಕ್ಕಿದರು! ಓಜೆಲ್ಲಾಳ ಎದೆ ಉಬ್ಬಿತು. "ಅದು ನನ್ನ ಸ್ವಂತ ಗುಟ್ಟು..." ಎಂದು ಗಂಭೀರವಾಗಿ ಆರಂಭಿಸಿದಳು.

"ಹಂದಿಕೊಬ್ಬು! ಬೆಣ್ಣೆ ಡಬ್ಬಿಗೆ ಹಾಕಿಟ್ಟಿದ್ದು ನಾನು! ಇವಳಿಗೆ ಬೆಳಿಗ್ಗೆವರೆಗೂ ಗೊತ್ತೇ ಇರ್ಲಿಲ್ಲ!" ಎಂದು ಹಿಂದಿನಿಂದ ಕ್ಲೀವ್‌ಲ್ಯಾಂಡನ ದನಿ ಮೊಳಗಿತು.

ಅರ್ಲೀನ್ ಒಂದೇ ಕೈಯಲ್ಲಿ ಅವನನ್ನು ತಬ್ಬಿಕೊಂಡಳು. "ಬ್ರದರ್ ಕ್ಲೀವ್‌ಲ್ಯಾಂಡ್, ಮುಂದಿನ ಸಲದಿಂದ ಪೈ ನಿಮ್ಮ ಕೈಯದೇ!"

"ಮತ್ತೆ ನಾನು?" ಎಂದಳು ಓಜೆಲ್ಲಾ.

ಕ್ಲೀವ್‌ಲ್ಯಾಂಡ್ ಬಾಯಿ ಒರೆಸಿಕೊಂಡು, ಐಸಿನ ಪೆಟ್ಟಿಗೆಯನ್ನು ಮೆಲ್ಲಗೆ ಅವಳ ಕಡೆ ತಳ್ಳಿದ.