ಭಾವ ಓದುವ ಫ್ರೆಂಚ್

ನಮ್ಮ ಭಾವನಿಗೆ ಫ್ರೆಂಚ್ ಭಾಷೆಯ ಒಂದಕ್ಷರವೂ ಬಾರದು. ಆದರೂ ಅಬುಧಾಬಿಯ ಕನ್ನಡಿಗರಲ್ಲಿ ಅವರಷ್ಟು ಫ್ರೆಂಚ್ ಓದಿದವರು ಬೇರೆ ಯಾರೂ ಇರಲಾರರು! ಇದು ನನ್ನ ಮಾತಲ್ಲ, ಅವರದೇ.

ಭಾವ ಎಂದರೆ ನನ್ನ ಅಕ್ಕನ ಗಂಡ. ಕಾಪು ಕಡೆಯವರು, ಇಲ್ಲಿ ಏಸಿ ದುರಸ್ತಿಯ ಕಂಪನಿಯೊಂದರಲ್ಲಿ ಸೂಪರ್‌ವೈಸರ್. ಅವರ ಬಗ್ಗೆ ನಗುತ್ತ ಬರೆಯಬೇಕೆಂದು ಎಷ್ಟೋ ಸಲ ಅಂದುಕೊಂಡಿದ್ದೆ. ಈಗ ಬರೆಯಲು ಕೂತರೆ ಕೈ ನಿಧಾನವಾಗುತ್ತದೆ. ಈ ಬೇಸಿಗೆಯ ಆರಂಭದಲ್ಲಿ ಅಕ್ಕನಿಗೆ ಸ್ಟ್ರೋಕ್ ಆಗಿ ಮಾತು ನಿಂತಿತು. ಮಾತಿನ ಹಿಂದೆಯೇ ಅವಳೂ ನಮ್ಮಿಂದ ದೂರ ಹೋಗಿಬಿಡುತ್ತಾಳೋ ಎಂಬ ಭಯ ನನ್ನದು. ಅದಕ್ಕೇ ಕಂಡದ್ದನ್ನು ಕಂಡ ಹಾಗೆಯೇ ಹೇಳುತ್ತೇನೆ.

ಫ್ರೆಂಚ್ ಆ ಮನೆ ಹೊಕ್ಕಿದ್ದು ಒಂದು ಸೋಫಾದ ನೆಪದಲ್ಲಿ. ಈ ಊರಿನಲ್ಲಿ ವೀಸಾ ಮುಗಿಸಿ ಹೊರಡುವವರು ಸಾಮಾನನ್ನೆಲ್ಲ ಕೇಳಿದವರಿಗೆ ಕೊಟ್ಟು ಹೋಗುತ್ತಾರೆ. ನಮ್ಮೆಲ್ಲರ ಮನೆಯಲ್ಲೂ ಯಾರದೋ ಮಂಚ, ಇನ್ಯಾರದೋ ಫ್ರಿಜ್ಜು! ಅಲ್ ರೀಮ್ ಐಲ್ಯಾಂಡಿನ ಫ್ರೆಂಚ್ ಕುಟುಂಬವೊಂದು ಸೋಫಾ ಪುಕ್ಕಟೆ ಕೊಡುತ್ತದೆಂದು ತಿಳಿದು ಅಕ್ಕ ಭಾವನನ್ನು ಪಿಕಪ್ ಸಮೇತ ಓಡಿಸಿದಳು. ಮರಳಿದಾಗ ಪಿಕಪ್ಪಿನಲ್ಲಿ ಒಂದು ರಟ್ಟಿನ ಪೆಟ್ಟಿಗೆ ಮಾತ್ರ ಇತ್ತು.

"ಸೋಫಾ ಎಲ್ಲಿ?" ಎಂದಳು ಅಕ್ಕ.

"ಸೋಫಾಕ್ಕೆ ಬೇರೆಯವರೂ ಬಂದಿದ್ರು. ಇದನ್ನು ಕೇಳುವವರೇ ಇರ್ಲಿಲ್ಲ, ಪಾಪ."

"ಪಾಪ ಅಂತ ಪುಸ್ತಕದ ಮೇಲೆ ಕೂತ್ಕೊಳ್ಳಿಕ್ಕೆ ಆಗ್ತದಾ?"

ಪೆಟ್ಟಿಗೆ ತುಂಬ ಹಳೆಯ ಚಿತ್ರಕಥೆಗಳು. ಶಿಲಾಯುಗದ ವೀರನೊಬ್ಬ ಒಬ್ಬನೇ ಕಾಡು ಮೇಡು ಅಲೆಯುತ್ತಾನೆ. ಹೋದಲ್ಲೆಲ್ಲ ಏನಾದರೊಂದು ಉಪಾಯ ಕಂಡುಹಿಡಿದು, ಅಲ್ಲಿನವರಿಗೆ ಕಲಿಸಿ, ಮುಂದಕ್ಕೆ ನಡೆಯುತ್ತಾನೆ. ಫ್ರಾನ್ಸಿನಲ್ಲಿ ಮಕ್ಕಳು ಅವನನ್ನು ಓದಿಕೊಂಡೇ ಬೆಳೆದರಂತೆ. ಭಾವ ಮೊದಲ ನೋಟಕ್ಕೇ ಸೋತರು. "ವೀಸಾ ಇಲ್ಲ, ಸ್ಪಾನ್ಸರ್ ಇಲ್ಲ, ಹೋದಲ್ಲೆಲ್ಲ ರಿಪೇರಿ! ನಮ್ಮ ಲೈನಿನವನೇ ಮಾರಾಯ್ತಿ."

ಅವರ ಓದುವ ಕ್ರಮ ಹೀಗೆ: ಮಾತು ಬರೆದ ಗುಳ್ಳೆಗಳನ್ನು ಹೆಬ್ಬೆರಳಿನಿಂದ ಮುಚ್ಚುವುದು, ಮುಖಗಳನ್ನು ಮಾತ್ರ ನೋಡುವುದು. ಒಂದು ಪುಟಕ್ಕೆ ಒಂದು ಗಂಟೆ! ರಜೆಯ ದಿನ ಹಮ್ದಾನ್ ಸ್ಟ್ರೀಟಿನಿಂದ ಚಹಾಕ್ಕೆ ಬಂದ ಗೆಳೆಯರಿಗೂ ಬಿಡುಗಡೆಯಿಲ್ಲ. "ಯಲ್ಲಾ, ಹೊರಡುವ" ಎಂದು ಅವರು ಎದ್ದರೆ, ವೀರ ಇನ್ನೂ ನದಿಯ ನಡುವೆ ಇದ್ದಾನೆಂದು ಹೇಳಿ ಮತ್ತೆ ಕೂರಿಸುವರು.

ಕಥೆಯಲ್ಲಿ ಬಿಳಿಗಡ್ಡದ ಮುದುಕನೊಬ್ಬ ವೀರನನ್ನು ಗದರುತ್ತಾನೆ. ಅವನು ಸೋದರಮಾವ ಎಂದು ಭಾವ ತೀರ್ಮಾನಿಸಿದ್ದರು. ಸೋದರಮಾವನೇ ಯಜಮಾನನಾದ ತುಳುನಾಡಿನ ಅಳಿಯಕಟ್ಟಿನ ಮನೆಯಲ್ಲಿ ಬೆಳೆದವರಿಗೆ ಅಷ್ಟು ಅಧಿಕಾರದಿಂದ ಗದರುವವನು ಬೇರೆ ಯಾರು ಹೊಳೆದಾರು? ಒಂದು ದಿನ ನನ್ನ ಮಗಳು ಮೊಬೈಲ್ ಹಿಡಿದು ಅನುವಾದ ಮಾಡಿಬಿಟ್ಟಳು.

"ದೊಡ್ಡಪ್ಪ, ಹೀ ಈಸ್ ದಿ ಎನಿಮಿ! ಐ ವಿಲ್ ಕಿಲ್ ಯೂ ಅಂತಿದ್ದಾನೆ."

ಭಾವ ಅಲುಗಲಿಲ್ಲ. "ನನ್ನ ಸೋದರಮಾವನೂ ಎಷ್ಟೋ ಸಲ ಹಾಗೆಯೇ ಹೇಳಿದ್ದಾರೆ."

ಅಕ್ಕ ನಕ್ಕು ನಕ್ಕು ಗೋಡೆಗೆ ಒರಗಿದಳು.

ಅವಳಿಗೆ ಸ್ಟ್ರೋಕ್ ಆದ ದಿನ ನಾನು ಪಕ್ಕದಲ್ಲೇ ಇದ್ದೆ. ನೀರುದೋಸೆ ಹೊಯ್ಯುತ್ತಿದ್ದವಳು ಏನೋ ಹೇಳಲು ನನ್ನ ಕಡೆ ತಿರುಗಿದಳು. ತುಟಿಯ ಒಂದು ಬದಿ ಕೆಳಗಿಳಿಯಿತು. ಸೌಟು ಬಿತ್ತು. ಕುಸಿಯುವ ಮೊದಲು ಎಡಗೈ ಚಾಚಿ ಗ್ಯಾಸ್ ಆರಿಸಿದವಳು ಅವಳೇ.

ಆಸ್ಪತ್ರೆಯಿಂದ ಮೊಹಮ್ಮದ್ ಬಿನ್ ಜಾಯೆದ್ ಸಿಟಿಯ ಮನೆಗೆ ಬಂದ ಮೇಲೆ ಮಾತಿನ ಚಿಕಿತ್ಸೆಯವರು ಚಿತ್ರದ ಕಾರ್ಡುಗಳನ್ನು ಕೊಟ್ಟರು. ಬೇಕಾದುದನ್ನು ಬೆರಳಿಟ್ಟು ತೋರಿಸಬೇಕು. ನೀರು, ಹಾಸಿಗೆ, ಸೇಬು, ಒಂಟೆ. ಒಂಟೆ ಯಾರಿಗೆ ಬೇಕು! ಅಕ್ಕ ಎಲ್ಲವನ್ನೂ ನೆಲಕ್ಕೆ ತಳ್ಳಿದಳು. ಆಮೇಲೆ ದಿನದಿಂದ ದಿನಕ್ಕೆ ಪ್ರಯತ್ನವನ್ನೇ ಬಿಡತೊಡಗಿದಳು.

ಒಂದು ಮಧ್ಯಾಹ್ನ ಮಾತ್ರ ನನ್ನನ್ನೇ ನೋಡುತ್ತ ಗಂಟಲಿನಿಂದ ಸದ್ದು ಮಾಡಿದಳು. ನೀರು ಬೇಕಾ? ತಲೆದಿಂಬು ಎತ್ತರ ಮಾಡ್ಲಾ? ಏಸಿ ಆರಿಸ್ಲಾ? ಒಂದೊಂದು ಪ್ರಶ್ನೆಗೂ ಮಂಚ ಬಡಿದಳು. ಕೊನೆಗೆ ಗೋಡೆಯ ಕಡೆ ಮುಖ ತಿರುಗಿಸಿದಳು. ನಾನು ಹೆದರಿದೆ. ಈ ಸಲ ತಿರುಗಿದವಳು ಮತ್ತೆ ನಮ್ಮ ಕಡೆ ನೋಡಲಾರಳು ಎನಿಸಿತು.

ಆಗ ಭಾವ ಡ್ಯೂಟಿಯಿಂದ ಬಂದರು.

"ಅಕ್ಕ ತಂಗಿಗೆ ಎಂತ ಜಗಳ?"

"ಅವಳಿಗೆ ಎಂತ ಬೇಕೂಂತ ಗೊತ್ತಾಗ್ತಿಲ್ಲ ಭಾವ. ಎಲ್ಲ ಕೇಳಿ ಆಯ್ತು."

"ಕೇಳಿದ್ದು ಸಾಕು. ಸ್ವಲ್ಪ ಸುಮ್ಮನಿರು."

ಮಂಚಕ್ಕೂ ಗೋಡೆಗೂ ನಡುವಿನ ಇರುಕಿನಲ್ಲಿ, ಅವಳ ಮುಖದೆದುರು ನೆಲದ ಮೇಲೆ ಕೂತರು. ಅವಳ ಹುಬ್ಬು ನೋಡಿದರು, ಕಣ್ಣು ನೋಡಿದರು. ಅವಳು ತಲೆ ಹೊರಳಿಸಿ ನನ್ನ ಮೇಲೆ ನೋಟ ನಿಲ್ಲಿಸಿದಾಗ ಅವರೂ ನನ್ನನ್ನು ನೋಡಿದರು. ತುಂಬ ಹೊತ್ತಾದ ಮೇಲೆ ಹೇಳಿದರು:

"ಅವಳಿಗೆ ಎಂತದೂ ಬೇಡ. ನೀನು ಊಟ ಮಾಡಿದ್ಯಾ ಅಂತ ಕೇಳ್ತಿದ್ದಾಳೆ."

ನಾನು ಬೆಳಗಿನಿಂದ ಏನೂ ತಿಂದಿರಲಿಲ್ಲ.

ಅಕ್ಕನ ಹಣೆಯ ಗಂಟು ಬಿಚ್ಚಿಕೊಂಡಿತು. ಕಣ್ಣು ಮುಚ್ಚಿ ತೆರೆದಳು.

"ಇನ್ನೊಂದು ಸಹ ಹೇಳ್ತಿದ್ದಾಳೆ. ಗಂಡ ಯೂನಿಫಾರ್ಮಿನಲ್ಲಿ ಭಾರೀ ಚಂದ ಕಾಣ್ತಾನಂತೆ!"

ಅಕ್ಕ ಎಡಗೈ ಎತ್ತಿ ಅವರ ಭುಜಕ್ಕೆ ಒಂದು ಬಿಗಿದಳು. ಭಾವ ಅಲ್ಲಿಂದ ಏಳಲಿಲ್ಲ. ಆ ಕೈಯನ್ನು ಅಲ್ಲೇ ಹಿಡಿದುಕೊಂಡು ತಲೆ ತಗ್ಗಿಸಿದರು.

ನಾನು ಅನ್ನ ಬಡಿಸಿಕೊಂಡು ಬಂದು, ಅಕ್ಕನಿಗೆ ಕಾಣುವ ಹಾಗೆ ಬಾಗಿಲ ಬಳಿ ಕೂತು ಉಂಡೆ. ಕೊನೆಯ ತುತ್ತಿನವರೆಗೂ ಅವಳು ನನ್ನನ್ನು ನೋಡುತ್ತಲೇ ಇದ್ದಳು.