ವೈನಿ, ನಾನು ಮತ್ತು ಒಂದು ಟವಲು

ನನ್ನ ಹೊಟ್ಟೆಯ ವಿಷಯವನ್ನು ನಾನು ಯಾರೊಂದಿಗೂ ಮಾತಾಡಿದವಳಲ್ಲ. ಎರಡು ಹೆರಿಗೆ, ಒಂದು ಆಪರೇಷನ್ನು, ಇಪ್ಪತ್ತು ವರ್ಷದ ಕುರ್ಚಿ ಕೆಲಸ, ಇವೆಲ್ಲ ಸೇರಿ ಬೆಳೆಸಿದ ಹೊಟ್ಟೆ ಅದು. ಬಾತ್‌ರೂಮಿನ ಕನ್ನಡಿಯೆದುರು ಒಬ್ಬಳೇ ಇದ್ದಾಗಲೂ ಉಸಿರು ಹಿಡಿದು ಒಳಕ್ಕೆ ಎಳೆದುಕೊಳ್ಳುತ್ತೇನೆ. ವಿಡಿಯೊ ಮೀಟಿಂಗು ಕಂಡುಹಿಡಿದ ಪುಣ್ಯಾತ್ಮರಿಗೆ, ಕುತ್ತಿಗೆಯಿಂದ ಕೆಳಗೆ ಏನೂ ಕಾಣದಂತೆ ಮಾಡಿದ್ದಕ್ಕಾಗಿ, ದಿನವೂ ಮನಸ್ಸಿನಲ್ಲೇ ಕೈಮುಗಿಯುತ್ತೇನೆ.

ಇಂಥ ನಾನು ಹುಬ್ಬಳ್ಳಿಯಿಂದ ಸಮುದ್ರ ದಾಟಿ ಮಿಲ್ಪಿಟಾಸಿನ ನಮ್ಮ ಮನೆಗೆ ಬಂದಿದ್ದ ವೈನಿಯನ್ನು, ಅಂದರೆ ಅಣ್ಣನ ಹೆಂಡತಿಯನ್ನು, ಬಿಸಿನೀರಿನ ಬುಗ್ಗೆಗೆ ಕರೆದುಕೊಂಡು ಹೊರಟೆ. ಅವರಿಗೆ ಮೊಣಕಾಲು ನೋವು. ಆಫೀಸಿನ ಕ್ಯಾರಲ್ ಹೇಳಿದ ಜಾಗ. ವಾರಕ್ಕೊಂದು ದಿನ ಹೆಂಗಸರಿಗಷ್ಟೇ ಪ್ರವೇಶ. ಆ ದಿನ ಮೈಮೇಲೆ ನೂಲೂ ಇರಬಾರದು ಎಂಬ ನಿಯಮವನ್ನು ಮಾತ್ರ ನಾನು ಫ್ರೀವೇ ಪಕ್ಕ ಪೆಟ್ರೋಲಿಗೆ ನಿಂತಾಗ ಫೋನಿನಲ್ಲಿ ಓದಿ ಹೇಳಿದೆ. ಹೇಳಿದ ಮೇಲೆ ನೆನಪಾಯಿತು. ಎರಡು ವರ್ಷದ ಹಿಂದೆ ಕ್ಯಾನ್ಸರಿನಿಂದಾಗಿ ವೈನಿಯ ಒಂದು ಸ್ತನ ತೆಗೆದಿದ್ದರು. ಅಂದಿನಿಂದ ಸೆರಗಿಗೆ ಎರಡೂ ಕಡೆ ಪಿನ್ನು.

“ತಿರುಗಿ ಮನಿಗೆ ಹೋಗೋಣೇನ್ರೀ?” ಎಂದೆ.

ವೈನಿ ಸೆರಗಿನ ಪಿನ್ನು ಮುಟ್ಟಿ ನೋಡಿಕೊಂಡರು. “ಅಲ್ಲೆ ಯಾರರೆ ಗುರ್ತಿನವ್ರು ಬರ್ತಾರೇನು?”

“ಇಲ್ರೀ.”

“ಹಂಗಾರ ಅಂಜಕಿ ಯಾತರದ್ದು? ನಡಿ.”

ಕೊಳದಲ್ಲಿ ಹತ್ತು ಹದಿನೈದು ಹೆಂಗಸರಿದ್ದರು. ಜೋತ ತೋಳು, ಹೊಲಿಗೆಯ ಗುರುತು, ಮಡಿಕೆ ಮಡಿಕೆ ಸೊಂಟ. ಒಬ್ಬಾಕೆ ಕನ್ನಡಕವೊಂದನ್ನೇ ಧರಿಸಿ ಪೇಪರು ಓದುತ್ತಿದ್ದಳು. ವೈನಿ ಎದೆಗೆ ಕೈಕಟ್ಟಿಕೊಂಡೇ ಇಳಿದು ಕುತ್ತಿಗೆಯವರೆಗೂ ಮುಳುಗಿದರು. ನಾನು ಟವಲು ಬಿಗಿದುಕೊಂಡು ದಂಡೆಯ ಮೇಲೆ ಕೂತೆ.

ಆಗ ಬಂದಳು ಒಬ್ಬ ಬಿಳಿಗೂದಲಿನ ಮುದುಕಿ. ಎದೆಯ ಎರಡೂ ಕಡೆ ಸಪಾಟು, ಅಡ್ಡಡ್ಡ ಗಾಯದ ಗೆರೆ. ವೈನಿ ಕಣ್ಣು ಕೀಳದೆ ನೋಡಿದರು. ನಂತರ ನಿಧಾನವಾಗಿ ಎದ್ದು ನಿಂತು, ಕಟ್ಟಿದ್ದ ಕೈ ಬಿಟ್ಟು, ತಮ್ಮ ಗಾಯ ತೋರಿಸಿ ಒಂದು ಬೆರಳೆತ್ತಿದರು. ಮುದುಕಿ ಎರಡು ಬೆರಳೆತ್ತಿದಳು, ಪಂದ್ಯ ಗೆದ್ದವಳ ಹಾಗೆ. ಇಬ್ಬರೂ ನಕ್ಕರು. ನಗುತ್ತಲೇ ವೈನಿಯ ಕಣ್ಣಲ್ಲಿ ನೀರು.

“ಮನ್ಯಾಗ ಎಲ್ಲಾರೂ ನನ್ನ ಮಾರಿ ಒಂದs ನೋಡಿ ಮಾತಾಡ್ತಾರ,” ಎಂದರು ನನಗೆ. “ಕೆಳಗ ಕಣ್ಣು ಹೋದ್ರ ತಪ್ಪಾದೀತು ಅನ್ನೂಹಂಗ. ಇಕಿ ನೋಡಿದ್ಲು, ನಕ್ಕಳು.”

ಆ ಎಲ್ಲರಲ್ಲಿ ನಾನೂ ಒಬ್ಬಳು.

ಅಷ್ಟರಲ್ಲಿ ಅವರ ದೃಷ್ಟಿ ನನ್ನ ಟವಲಿನ ಮೇಲೆ ಬಿತ್ತು. “ನಿನಗೇನ ಕಡಿಮಿ ಆಗೇದ ಅಂತ ಸುತಗೊಂಡು ಕೂತೀ?”

“ಕಡಿಮಿ ಅಲ್ರೀ ವೈನಿ, ಹೆಚ್ಚಾಗೇದ!”

ಅವರು ನಕ್ಕ ರಭಸಕ್ಕೆ ಪೇಪರಿನಾಕೆ ತಲೆಯೆತ್ತಿದಳು. ಇನ್ನು ಉಳಿಗಾಲವಿಲ್ಲವೆಂದು ಕಣ್ಮುಚ್ಚಿ ಟವಲು ಬಿಟ್ಟೆ. ಕಣ್ಣು ತೆರೆದಾಗ ಆಕೆ ಪೇಪರಿಗೆ ಮರಳಿದ್ದಳು. ಮುದುಕಿಯೂ ವೈನಿಯೂ ಮೊಣಕಾಲು ತಿಕ್ಕುವುದನ್ನು ಒಬ್ಬರಿಗೊಬ್ಬರು ಕಲಿಸುತ್ತಿದ್ದರು. ಇಷ್ಟು ವರ್ಷ ಜಗತ್ತಿನಿಂದ ಜೋಪಾನವಾಗಿ ಬಚ್ಚಿಟ್ಟದ್ದನ್ನು ಒಬ್ಬರಾದರೂ ತಿರುಗಿ ನೋಡಬೇಡವೇ? ನಿಜ ಹೇಳಬೇಕೆಂದರೆ, ನನಗೆ ಸ್ವಲ್ಪ ಅವಮಾನವೇ ಆಯಿತು.